ಬ್ಯಾಂಕಿಗೆ ಶಾಲು ಹೊದಿಸಿದ ವಠಾರ

“ಪ್ರಭುಗೆ ಇನ್ನೊಂದು ಹೋಳಿಗೆ ಹಾಕ್ರಪ್ಪಾ! ಪಾಪ, ಗೋಡೆಗೆ ಒಂದು ಮೊಳೆ ಹೊಡೀಬೇಕಾದ್ರೂ ಓನರ್ ಮುಂದೆ ಕೈ ಕಟ್ಕೊಂಡು ನಿಲ್ಲೋ ಮನುಷ್ಯ. ಸ್ವಂತ ಮನೆ ಊಟ ಹೆಂಗಿರತ್ತೆ ಅಂತ ಇವತ್ತಾದ್ರೂ ಗೊತ್ತಾಗ್ಲಿ.”

ಹೀಗಂದವನು ನನ್ನ ಷಡ್ಡಕ ಮನೋಹರ್, ಅಂದರೆ ನನ್ನ ಹೆಂಡತಿ ಐಶ್ವರ್ಯಳ ಅಕ್ಕನ ಗಂಡ. ಅಂದದ್ದು ಅವನ ಹೊಸ ಫ್ಲಾಟಿನ ಗೃಹಪ್ರವೇಶದ ದಿನ, ಊಟದ ಪಂಕ್ತಿಯ ನಟ್ಟನಡುವೆ. ಎದುರು ಸಾಲಿನಲ್ಲಿ ನನ್ನ ಮಾವನ ಕಡೆಯ ಅಷ್ಟೂ ನೆಂಟರು ಕೂತಿದ್ದರು. ಎಲ್ಲರೂ ನಕ್ಕರು. ಬಡಿಸುವವನು ನಗುತ್ತಲೇ ಒಂದಲ್ಲ, ಎರಡು ಹೋಳಿಗೆ ಹಾಕಿ, ಮೇಲೆ ತುಪ್ಪ ಸುರಿದ. ಅವಮಾನ ಮಾಡಿ ಮೇಲೆ ತುಪ್ಪ ಹಾಕಿಸುವ ಜನರನ್ನು ನಾನು ಜನ್ಮದಲ್ಲಿ ಕ್ಷಮಿಸುವುದಿಲ್ಲ.

ನನಗೆ ಸಿಟ್ಟು ಬಂದರೆ ಬಾಯಿ ಕಟ್ಟುತ್ತದೆ, ಕೈ ಓಡುತ್ತದೆ. ಎಲೆ ಮುಂದೆ ಕೂತವನ ಕೈ ಎಲ್ಲಿಗೆ ಓಡೀತು? ಎರಡೂ ಹೋಳಿಗೆ ಮುಗಿಸಿತು. ಹೋಳಿಗೆಯದೇನೂ ತಪ್ಪಿರಲಿಲ್ಲ.

ಊಟ ಆದಮೇಲೆ ಮನೋಹರ್ ಎಲ್ಲರಿಗೂ ಫ್ಲಾಟ್ ತೋರಿಸಿದ. “ಒಂದು ಕೋಟಿ,” ಅನ್ನುತ್ತಾ ಹಾಲ್ ತೋರಿಸಿದ. “ಒಂದು ಕೋಟಿ,” ಅನ್ನುತ್ತಾ ಬಾಲ್ಕನಿ ತೋರಿಸಿದ. ಬಾಲ್ಕನಿಯಲ್ಲಿ ಇಬ್ಬರು ನಿಂತರೆ ಮೂರನೆಯವನು ಒಳಗಿನಿಂದಲೇ ಇಣುಕಬೇಕು. ಬಚ್ಚಲಲ್ಲಿ ತಲೆಗೆ ನೀರು ಹಾಕಿಕೊಂಡರೆ ಮೊಣಕೈ ಎರಡೂ ಗೋಡೆಗೆ ತಾಕುತ್ತದೆ. ಆದರೂ ಸ್ವಂತ. ಸ್ವಂತ ಗೋಡೆಗೆ ಸ್ವಂತ ಮೊಣಕೈ.

ಸ್ಕೂಟರಿನಲ್ಲಿ ವಾಪಸ್ ಬರುವಾಗ ಹಿಂದಿನಿಂದ ಐಶ್ವರ್ಯ ಅಂದಳು, “ಭಾವ ತಮಾಷೆಗೆ ಅಂದಿದ್ದು ಕಣ್ರೀ.”

“ತಮಾಷೆಗಾದ್ರೆ ತುಪ್ಪ ಯಾಕೆ ಹಾಕಿಸ್ದ?”

“ಅಯ್ಯೋ, ತುಪ್ಪಕ್ಕೂ ಜಗಳಾನಾ?”

“ನೋಡ್ತಿರು. ಆಷಾಢ ಬರೋದ್ರೊಳಗೆ ನಾನೂ ಸ್ವಂತ ಮನೆ ಮಾಡ್ತೀನಿ. ಅವನನ್ನ ಕರ್ದು, ಅವನ ಎಲೆಗೆ ಮೂರು ಹೋಳಿಗೆ ಹಾಕಿಸ್ತೀನಿ.”

ನನ್ನ ಶಪಥಗಳೆಲ್ಲ ಹೀಗೇ. ಎದುರಾಳಿಗೆ ಊಟ ಹಾಕಿಸುವುದರಲ್ಲಿ ಮುಗಿಯುತ್ತವೆ.

ಈಗ ನಮ್ಮ ಮನೆಯ ವಿಷಯ. ಚಾಮರಾಜಪೇಟೆಯಲ್ಲಿ ನಮ್ಮದೊಂದು ವಠಾರ. ಒಂದು ಗೇಟು, ಒಂದು ಅಂಗಳ, ಅಂಗಳದ ಸುತ್ತ ಹೆಂಚಿನ ಮನೆಗಳು. ಅಕ್ಕಪಕ್ಕದಲ್ಲಿ ಈಗ ಎರಡು ಅಪಾರ್ಟ್‌ಮೆಂಟ್ ಎದ್ದಿವೆ. ನಡುವೆ ನಮ್ಮ ವಠಾರ, ಬಸ್ಸಿನ ಸೀಟಿನಲ್ಲಿ ಇಬ್ಬರು ದಪ್ಪ ಗಂಡಸರ ಮಧ್ಯೆ ಸಿಕ್ಕಿಕೊಂಡ ಅಜ್ಜಿಯ ಹಾಗೆ ಕೈಚೀಲ ತಬ್ಬಿಕೊಂಡು ಕೂತಿದೆ. ಆ ಎರಡು ಅಪಾರ್ಟ್‌ಮೆಂಟ್ ಇದ್ದ ಜಾಗದಲ್ಲೂ ಮೊದಲು ವಠಾರಗಳೇ ಇದ್ದವು. ಒಂದು ಕಡೆ ಕಾಫಿ ಹುರಿಯುವವರ ಮನೆ, ಬೆಳಿಗ್ಗೆ ಎದ್ದರೆ ಇಡೀ ಬೀದಿಗೆ ಪುಕ್ಕಟೆ ಕಾಫಿ ವಾಸನೆ. ಇನ್ನೊಂದು ಕಡೆ ಹಾರ್ಮೋನಿಯಂ ರಿಪೇರಿ ಮಾಡುವವರು. ಅವರು ಒಂದೇ ಸ್ವರವನ್ನು ಮಧ್ಯಾಹ್ನವೆಲ್ಲ ಒತ್ತುತ್ತಿದ್ದರು. ಆಗ ಬೈದುಕೊಳ್ಳುತ್ತಿದ್ದೆ. ಈಗ ಆ ಜಾಗದಲ್ಲಿ ಲಿಫ್ಟು ಕುಂಯ್ ಅನ್ನುತ್ತದೆ, ಅದಕ್ಕೆ ಶ್ರುತಿಯೂ ಇಲ್ಲ.

ನಮ್ಮ ವಠಾರದ ಓನರ್ ಚಂದ್ರಶೇಖರಯ್ಯನವರು. ಎಲ್ಲರ ಬಾಯಲ್ಲೂ ಅಯ್ನೋರು. ಎಂಬತ್ತು ದಾಟಿದೆ. ನಾವೆಲ್ಲ ಅವರ ಹತ್ತಿರ ಭೋಗ್ಯಕ್ಕೆ ಇರುವವರು. ಭೋಗ್ಯ ಅಂದರೆ ಸುಲಭ: ಮನೆಗೆ ಬರುವ ದಿನ ಓನರಿಗೆ ಒಂದು ಗಂಟು ದುಡ್ಡು ಕೊಡಬೇಕು. ಆಮೇಲೆ ಬಾಡಿಗೆ ಅನ್ನುವ ಮಾತಿಲ್ಲ. ಬಿಟ್ಟು ಹೋಗುವ ದಿನ ಅದೇ ಗಂಟು ಪೈಸೆ ಕಡಿಮೆಯಿಲ್ಲದೆ ವಾಪಸ್. ಬಿನ್ನಿಪೇಟೆಯ ಮಿಲ್ಲಿನಿಂದ ಬಂದ ದುಡ್ಡನ್ನೆಲ್ಲ ಸೇರಿಸಿ ನಮ್ಮಪ್ಪ ಆರು ಲಕ್ಷ ಕೊಟ್ಟಾಗ ನಾನು ಮಕ್ಕಳ ಕೂಟದ ಪಾರ್ಕಿನಲ್ಲಿ ಜಾರುಬಂಡೆ ಆಡುವ ವಯಸ್ಸಿನವನು. ಅಂದಿನಿಂದ ಇಂದಿನವರೆಗೂ ಅಯ್ನೋರು ಆರನ್ನು ಏಳು ಮಾಡು ಅಂದವರಲ್ಲ.

ಗಂಟು ವಾಪಸ್ ಕೊಡುವುದನ್ನು ಅಯ್ನೋರು ಒಂದು ಹಬ್ಬದ ಥರ ಮಾಡುತ್ತಿದ್ದರು. ಬೆಳ್ಳಿ ತಟ್ಟೆ. ಅದರಲ್ಲಿ ಎಲೆ ಅಡಿಕೆ, ಬಾಳೆಹಣ್ಣು, ತೆಂಗಿನಕಾಯಿ, ಮೇಲೆ ದುಡ್ಡು. ವಠಾರವೆಲ್ಲ ಅಂಗಳದಲ್ಲಿ ಸೇರಬೇಕು. ಬಿಟ್ಟು ಹೋಗುವವರ ಹಣೆಗೆ ವಿಭೂತಿ ಹಚ್ಚಿ, “ನಿಮ್ಮ ಮಗು ಅಡುಗೆಮನೆ ಗೋಡೆ ಮೇಲೆ ಬರೆದ ಆನೆ ಹಂಗೇ ಬಿಟ್ಟಿದೀನಮ್ಮ, ಸುಣ್ಣ ಹೊಡೆಸಿಲ್ಲ,” ಅಂತ ಏನಾದರೂ ಒಂದು ಅನ್ನುತ್ತಿದ್ದರು. ಅಷ್ಟಕ್ಕೇ ಆ ಹೆಂಗಸರು ಅಳುತ್ತಿದ್ದರು. ನಾವು ಹುಡುಗರಿಗೆ ತಟ್ಟೆಯ ಬಾಳೆಹಣ್ಣಿನ ಮೇಲೆ ಕಣ್ಣು.

ಇನ್ನು ಆ ಮೊಳೆಯ ವಿಷಯ. ಮನೋಹರ್ ಅಂದದ್ದು ಸುಳ್ಳಲ್ಲ, ಅದೇ ನನಗೆ ಉರಿ. ಗೋಡೆಗೆ ಮೊಳೆ ಹೊಡೆಯಬೇಕಾದರೆ ಅಯ್ನೋರಿಗೆ ಹೇಳಬೇಕು. ಅವರೇ ಸ್ವಂತ ಸುತ್ತಿಗೆ ತಂದು, ಗೋಡೆಯನ್ನು ಡಾಕ್ಟರ್ ಥರ ತಟ್ಟಿ ನೋಡಿ, “ಇಲ್ಲಿ ಮಣ್ಣು ಗಟ್ಟಿ ಇದೆ,” ಅಂತ ತಾವೇ ಹೊಡೆಯುತ್ತಾರೆ. ಅಪ್ಪ ಹೋದಾಗ ಅವರ ಫೋಟೋ ಹಾಕಲು ಮೊಳೆ ಹೊಡೆದವರೂ ಅವರೇ. ಹೊಡೆದಾದ ಮೇಲೂ ಸುತ್ತಿಗೆ ಹಿಡಿದು ಎಷ್ಟೋ ಹೊತ್ತು ಅಲ್ಲೇ ನಿಂತಿದ್ದರು. ಇದನ್ನೆಲ್ಲ ಪಂಕ್ತಿಯಲ್ಲಿ ಹೇಳುವುದು ಹೇಗೆ?

ಮಾರನೆಯ ದಿನವೇ ಸಿರ್ಸಿ ಸರ್ಕಲ್ ಹತ್ತಿರದ ನನ್ನ ಅಂಗಡಿಗೆ ಬೀಗ ಹಾಕಿ, ಬ್ಯಾಂಕಿಗೆ ನುಗ್ಗಿದೆ. ನಾನು ಬೈಕುಗಳ ಸೀಟಿಗೆ ಕವರ್ ಹೊಲಿಯುವವನು. ಓದು ಹತ್ತನೇ ಕ್ಲಾಸಿನ ಬಾಗಿಲಲ್ಲಿ ನಿಂತಿತು. ಬ್ಯಾಂಕಿನ ಹೆಸರು ಹೇಳುವುದಿಲ್ಲ. ಯಾವ ಬ್ಯಾಂಕಾದರೂ ಅದೇ ಎಸಿ, ಅದೇ ದಾರ ಕಟ್ಟಿದ ಪೆನ್ನು. ಕೋಟಿಗಟ್ಟಲೆ ಕೊಡುವವರಿಗೆ ಐದು ರೂಪಾಯಿ ಪೆನ್ನಿನ ಮೇಲೆ ನಂಬಿಕೆಯಿಲ್ಲ.

ಸಾಲದ ಸೆಕ್ಷನ್ನಿನಲ್ಲಿ ಲಾಸ್ಯಾ ಅನ್ನುವ ಹುಡುಗಿ ಕೂತಿದ್ದಳು. ನನಗಿಂತ ಚಿಕ್ಕವಳು, ಮಾತು ಮಾತ್ರ ಮೆಟ್ರೋ ಸ್ಪೀಡು.

“ಕೂತ್ಕೊಳಿ ಸರ್. ಪ್ರಾಪರ್ಟಿ ನೋಡಿದೀರಾ?”

“ನೋಡಿದೀನಿ. ತಾವರೆಕೆರೆ ಕಡೆ. ಒಂದು ರೂಮಿನ ಫ್ಲಾಟು, ಮೂವತ್ತು ಲಕ್ಷ.”

“ನಿಮ್ಮ ಕೈಯಿಂದ ಎಷ್ಟು ಹಾಕ್ತೀರಾ?”

“ಆರಿದೆ. ಭೋಗ್ಯದ್ದು.”

“ಹಾಗಾದ್ರೆ ಇಪ್ಪತ್ನಾಲ್ಕು ನಮ್ದು. ಎಂಟೂವರೆ ಪರ್ಸೆಂಟು, ಇಪ್ಪತ್ತು ವರ್ಷ. ತಿಂಗಳಿಗೆ ಇಪ್ಪತ್ತು ಸಾವಿರದ ಎಂಟುನೂರು ಚಿಲ್ರೆ ಕಟ್ತಾ ಹೋದ್ರೆ ಆಯ್ತು. ಗೊತ್ತೇ ಆಗಲ್ಲ ಸರ್.”

ಗೊತ್ತೇ ಆಗಲ್ಲ ಅನ್ನುವವರನ್ನು ಕಂಡರೆ ನನಗೆ ಆಗುವುದಿಲ್ಲ. ಇಂಜೆಕ್ಷನ್ ಚುಚ್ಚುವವರೂ ಅದನ್ನೇ ಅನ್ನುತ್ತಾರೆ. ಮುಂದಕ್ಕೆ ಬಾಗಿ, ಕಣ್ಣಲ್ಲಿ ಕಣ್ಣಿಟ್ಟು ಕೇಳಿದೆ: “ಮೇಡಂ, ತಿಂಗಳ ಲೆಕ್ಕ ಬಿಡಿ. ಇಪ್ಪತ್ತು ವರ್ಷ ಆದ್ಮೇಲೆ ಒಟ್ಟು ಎಷ್ಟಾಗತ್ತೆ? ಅದು ಹೇಳಿ.”

ಅವಳು ಬೆರಳು ಕೀಬೋರ್ಡಿನ ಮೇಲಿಟ್ಟುಕೊಂಡೇ ನನ್ನನ್ನು ನೋಡಿದಳು. “ಇದನ್ನ ಯಾರೂ ಕೇಳಲ್ಲ ಸರ್. ಎಲ್ರೂ ಇಎಂಐ ಎಷ್ಟು ಅಂತ ಕೇಳಿ ಎದ್ಬಿಡ್ತಾರೆ. ನೀವು ಒಬ್ರೇ ಕೇಳಿದ್ದು.”

ನನ್ನ ಎದೆ ಉಬ್ಬಿತು. ಅವಳು ಕಂಪ್ಯೂಟರ್ ಒತ್ತಿದಳು.

“ಐವತ್ತು ಲಕ್ಷ ಸರ್.”

“ಐವತ್ತು?”

“ಹೆಚ್ಚೂಕಮ್ಮಿ ಐವತ್ತು.”

ಇಲ್ಲಿ ನನ್ನ ತಲೆ ಹೇಗೆ ಓಡಿತು ಅನ್ನುವುದನ್ನು ಓದುಗರು ಸಹಾನುಭೂತಿಯಿಂದ ಕೇಳಬೇಕು. ಮನೆಗೆ ಸಂಬಂಧಪಟ್ಟ ಹಾಗೆ ನನಗೆ ಗೊತ್ತಿದ್ದದ್ದು ಒಂದೇ ಶಾಸ್ತ್ರ. ಗಂಟು ಕೊಡು, ಇರು, ಕೊನೆಯ ದಿನ ಗಂಟು ತಗೋ. ಭೋಗ್ಯದಲ್ಲಿ ಒಂದೇ ಸಲ ಕೊಡುತ್ತೇವೆ, ಬ್ಯಾಂಕಿನವರು ಪಾಪ ಬಡವರಿಗೆ ಕಷ್ಟ ಆಗಬಾರದು ಅಂತ ತಿಂಗಳು ತಿಂಗಳು ತಗೊಳ್ಳುತ್ತಾರೆ, ಚೀಟಿ ಕಟ್ಟಿದ ಹಾಗೆ. ಕೊನೆಯ ದಿನ ಎಲ್ಲ ಸೇರಿಸಿ ಒಟ್ಟಿಗೆ ಐವತ್ತು. ಕೊನೆಯ ದಿನದ ದುಡ್ಡು ಯಾವಾಗಲೂ ಮನೆಯಲ್ಲಿ ಇದ್ದವನ ಕೈಗೇ ಬರುತ್ತದೆ. ಅದು ಆ ಕಡೆಗೂ ಹೋಗುತ್ತದೆ ಅಂತ ಚಾಮರಾಜಪೇಟೆಯಲ್ಲಿ ನನಗೆ ಯಾರೂ ಹೇಳಿರಲಿಲ್ಲ.

“ಮನೆ?” ಅಂತ ಮೆಲ್ಲಗೆ ಕೇಳಿದೆ.

“ಮನೆ ನಿಮ್ದೇ ಸರ್.”

ಮನೆಯೂ ನನ್ನದು, ಐವತ್ತೂ ನನ್ನದು! ಎದ್ದು ಅವಳಿಗೆ ಕೈ ಮುಗಿದೆ. ಬಾಗಿಲ ಹತ್ತಿರ ಸೆಕ್ಯುರಿಟಿಯವನಿಗೂ ಮುಗಿದೆ.

ವಠಾರದಲ್ಲಿ ಸುದ್ದಿ ಹೇಳಿದಾಗ ಮೊದಲು ಅನುಮಾನಿಸಿದವಳು ಐಶ್ವರ್ಯ.

“ಮನೇನೂ ಕೊಟ್ಟು ದುಡ್ಡೂ ಕೊಟ್ರೆ ಬ್ಯಾಂಕ್ನೋರು ಊಟಕ್ಕೇನ್ ಮಾಡ್ತಾರ್ರೀ?”

“ಅದು ಅವರ ತಲೆನೋವು. ನಿಂಗ್ಯಾಕೆ?”

“ಇನ್ನೊಂದ್ಸಲ ಕೇಳ್ಕೊಂಡ್ ಬನ್ನಿ.”

“ನಾನು ಕೇಳಿದ ಪ್ರಶ್ನೆ ಇವತ್ತಿನವರೆಗೂ ಯಾರೂ ಕೇಳಿಲ್ಲ ಅಂತ ಆ ಹುಡುಗೀನೇ ಹೇಳಿದ್ಳು. ಗೊತ್ತಾ?”

ಎದುರು ಮನೆಯ ಶೀನಣ್ಣ, ನಮ್ಮಪ್ಪನ ಜೊತೆ ಮಿಲ್ಲಿನಲ್ಲಿ ದುಡಿದವರು, ಜಗಲಿಯಲ್ಲಿ ಕೂತು ಕೇಳಿಸಿಕೊಳ್ಳುತ್ತಿದ್ದರು. “ಲೇ ಪ್ರಭು, ನಂಗೀಗ ಎಪ್ಪತ್ತೊಂದು. ಇವತ್ತು ತಗೊಂಡ್ರೆ ತೊಂಬತ್ತೊಂದಕ್ಕೆ ದುಡ್ಡು ಕೈಗೆ ಬರತ್ತೆ. ಸರಿ ಹೋಯ್ತು ಬಿಡು. ಮೊಣಕಾಲು ಆಪರೇಷನ್‌ಗೆ ಆಗತ್ತೆ.”

ಮೂಲೆ ಮನೆಯ ತ್ರಿಪುರಸುಂದರಮ್ಮ ಹಪ್ಪಳ ಒಣಗಿಸುತ್ತಿದ್ದವರು ಹಪ್ಪಳ ಬಿಟ್ಟು ಬಂದರು. “ನಂಗೂ ಒಂದು ಲೋನ್ ಕೊಡಿಸೋ. ಮನೆ ಬೇಡಪ್ಪ, ಗುಡಿಸಿ ಸಾರಿಸೋರು ಯಾರು? ಲೋನ್ ಮಾತ್ರ ಸಾಕು.”

“ಮನೆ ಇಲ್ದೆ ಕೊಡಲ್ಲ ಕಣಜ್ಜಿ.”

“ಹಂಗಾದ್ರೆ ಚಿಕ್ಕ ಮನೆ ಕೊಡೋಕೆ ಹೇಳು. ಎಷ್ಟು ಚಿಕ್ಕದಾದ್ರೂ ನಡಿಯತ್ತೆ.”

ಸಂಜೆ ಅಯ್ನೋರ ಹತ್ತಿರ ಹೋದೆ. ಮನೆ ಬಿಡುತ್ತೇನೆ ಅನ್ನುವುದನ್ನು ಹೇಗೆ ಹೇಳುವುದು ಅಂತ ಮೂರು ಸಲ ಕೆಮ್ಮಿದೆ. ಅವರು ಎಲ್ಲ ಕೇಳಿಸಿಕೊಂಡು ಕೋಲಿನ ತುದಿಯಿಂದ ನೆಲ ಗೀಚುತ್ತಾ ಕೂತರು. ನಾನು ಹೋಗುವುದಕ್ಕೆ ಬೇಜಾರಾಯಿತು ಅಂದುಕೊಂಡೆ. ಅದಲ್ಲ.

“ಪ್ರಭು, ನಾನು ಇಷ್ಟು ವರ್ಷ ಎಲ್ರಿಗೂ ತಗೊಂಡಷ್ಟೇ ಕೊಟ್ಟೆ. ಅದನ್ನೇ ದೊಡ್ಡದು ಅಂತ ತಟ್ಟೇಲಿಟ್ಟು ಕೊಡ್ತಿದ್ದೆ. ಇವರು ತಗೊಂಡಿದ್ದನ್ನೂ ವಾಪಸ್ ಕೊಟ್ಟು ಮನೇನೂ ಕೊಡ್ತಾರೆ ಅಂದ್ರೆ, ನಂದೊಂದು ಕೊಡೋದೇನಪ್ಪ?”

“ಅಯ್ಯೋ, ಹಂಗನ್ಬೇಡಿ ಅಯ್ನೋರೆ.”

“ಇಲ್ಲ. ನಾನು ಚಿಕ್ಕ ಮನಸ್ಸಿನೋನು. ಆ ಮಹಾತಾಯೀನ ಒಂದ್ಸಲ ನೋಡ್ಬೇಕು ನಾನು.”

ಮಹಾತಾಯಿ ಅಂದರೆ ಲಾಸ್ಯಾ. ಶುಕ್ರವಾರ ಅವಳೇ ಮನೆಗೆ ಬಂದು ವಿಳಾಸ ನೋಡಿ, ಸಹಿ ಹಾಕಿಸಿಕೊಂಡು ಹೋಗುತ್ತೇನೆ ಅಂದಿದ್ದಳು. ಅಯ್ನೋರು ನನ್ನ ಮನೆಗೆ ಮತ್ತಿಕೆರೆಯ ಒಂದು ಸಂಸಾರವನ್ನು ಆಗಲೇ ಹುಡುಕಿದ್ದರು. ಶುಕ್ರವಾರ ನಾನು ಸಹಿ ಹಾಕಿದರೆ ಶನಿವಾರ ಬೀಗದ ಕೈ ಅವರಿಗೆ. ಅಪ್ಪ ಬದುಕಿದ ಮನೆ, ಅಪ್ಪ ಸತ್ತ ಮನೆ, ಒಂದು ಸಹಿಯಲ್ಲಿ ಬೇರೆಯವರದಾಗುತ್ತಿತ್ತು. ಆ ಯೋಚನೆ ಬಂದಾಗಲೆಲ್ಲ ಮನೋಹರನ ತುಪ್ಪ ನೆನಪು ಮಾಡಿಕೊಂಡು ಗಟ್ಟಿಯಾದೆ.

ಶುಕ್ರವಾರ ವಠಾರಕ್ಕೆ ಮದುವೆ ಕಳೆ. ಶೀನಣ್ಣ ಶಾಲು, ಹಾರ, ಮೈಸೂರು ಪೇಟ ಬಾಡಿಗೆಗೆ ತಂದರು. ತ್ರಿಪುರಸುಂದರಮ್ಮ ಗೇಟಿನಿಂದ ಅಂಗಳದವರೆಗೂ ರಂಗೋಲಿ ಎಳೆದರು. ಮುಂದಿನ ವಾರ ಆಷಾಢ, ಆಷಾಢದಲ್ಲಿ ಮನೆ ಬದಲಾಯಿಸುವ ಹಾಗಿಲ್ಲ, ಇವತ್ತೇ ಒಳ್ಳೆ ಗಳಿಗೆಯಲ್ಲಿ ಒಲೆಯಾದರೂ ಹೊಸ್ತಿಲು ದಾಟಲಿ ಅಂತ ಅವರೇ ಹೇಳಿ, ನನ್ನ ಗ್ಯಾಸ್ ಒಲೆ, ಸಿಲಿಂಡರ್, ಹಾಸಿಗೆ ಸುರುಳಿ ಎಲ್ಲ ಅಂಗಳಕ್ಕೆ ತರಿಸಿದರು. ಮನೋಹರನನ್ನು ನಾನೇ ಫೋನ್ ಮಾಡಿ ಕರೆದಿದ್ದೆ. ಅವನು ಕೂಲಿಂಗ್ ಗ್ಲಾಸ್ ಹಾಕಿಕೊಂಡು ಬಂದು, ರಂಗೋಲಿ ತುಳಿದು, ಬೈಸಿಕೊಂಡು, ಗೋಡೆಗೆ ಒರಗಿ ನಿಂತ.

ಲಾಸ್ಯಾ ಸ್ಕೂಟಿ ನಿಲ್ಲಿಸಿ ಹೆಲ್ಮೆಟ್ ತೆಗೆದಳೋ ಇಲ್ಲವೋ, ತ್ರಿಪುರಸುಂದರಮ್ಮ ಆರತಿ ಎತ್ತಿದರು. ಶೀನಣ್ಣ ಶಾಲು ಹೊದಿಸಿದರು. ಪೇಟ ದೊಡ್ಡದಾಗಿ ಅವಳ ಮೂಗಿನವರೆಗೂ ಇಳಿಯಿತು. ಅವಳು ಪೇಟದೊಳಗಿಂದಲೇ, “ಅಯ್ಯೋ, ಥ್ಯಾಂಕ್ಯೂ! ಇಷ್ಟೆಲ್ಲ ಯಾಕೆ ಸರ್? ಬೇಕಾದ್ರೆ ಆನ್‌ಲೈನಲ್ಲಿ ಐದು ಸ್ಟಾರ್ ಕೊಟ್ಬಿಡಿ,” ಅಂದಳು.

ಅಯ್ನೋರು ಕೋಲೂರಿ ಎದ್ದು ನಿಂತು ಭಾಷಣ ಶುರು ಮಾಡಿದರು. “ಈ ಕಲಿಗಾಲದಲ್ಲೂ, ಯಾರೋ ಏನೋ ಗೊತ್ತಿಲ್ದೋರಿಗೆ ಮನೆ ಕೊಟ್ಟು, ಮೇಲೆ ಇಷ್ಟೊಂದು ದುಡ್ಡೂ ಕೊಡ್ತಾರೆ ಅಂದ್ರೆ, ಅಂಥ ಬ್ಯಾಂಕಿನ ಮುಂದೆ ನಾನು ತಲೆ ಬಾಗ್ತೀನಿ.” ಬಾಗಿಯೇಬಿಟ್ಟರು. ಶೀನಣ್ಣ ಚಪ್ಪಾಳೆ ತಟ್ಟಿದರು.

ಲಾಸ್ಯಾ ಪೇಟ ಮೇಲೆತ್ತಿ ನನ್ನ ಮುಖ ನೋಡಿದಳು. ಅಷ್ಟರಲ್ಲಿ ತ್ರಿಪುರಸುಂದರಮ್ಮ ಅವಳ ಕೈ ಹಿಡಿದರು.

“ನಂಗೂ ಒಂದು ಲೋನ್ ಮಾಡ್ಕೊಡಮ್ಮ. ನಂಗೆ ವಯಸ್ಸಾಯ್ತು. ಕೊನೇಗೆ ಕೊಡೋದನ್ನ ಈಗಿಂದ್ಲೇ ಸ್ವಲ್ಪ ಸ್ವಲ್ಪ ಕೊಟ್ರೂ ಆಗತ್ತೆ.”

“ಕೊನೇಗೆ ಏನ್ ಕೊಡೋದು ಅಜ್ಜಿ?”

“ಐವತ್ತು ಲಕ್ಷ.”

“ಯಾರು ಕೊಡೋದು?”

“ನೀವು.”

“ಯಾರಿಗೆ?”

“ನಮ್ಮ ಪ್ರಭುಗೆ.”

“ಅಜ್ಜೀ,” ಅಂದಳು ಲಾಸ್ಯಾ, ಪೇಟವನ್ನು ಪೂರ್ತಿ ತೆಗೆದು ಕೈಯಲ್ಲಿ ಹಿಡಿದುಕೊಂಡು, “ಅದು ಸರ್ ನಮಗೆ ಕೊಡೋದು.”

ಚಪ್ಪಾಳೆಗೆ ಎತ್ತಿದ್ದ ಶೀನಣ್ಣನ ಕೈ ಕೆಳಗಿಳಿಯಿತು. ಆರತಿ ತಟ್ಟೆಯ ಕರ್ಪೂರ ಕೂಡ ಆಗಲೇ ಆರಿತು. ಅದಕ್ಕೆ ಇಷ್ಟು ಬೇಗ ಹೇಗೆ ಅರ್ಥವಾಯಿತೋ!

ನನಗೆ ಅರ್ಥವಾಗಲು ಸ್ವಲ್ಪ ಹೊತ್ತು ಹಿಡಿಯಿತು. ಅರ್ಥವಾದ ಮೇಲೆ ಕಿರುಚಿದೆ. “ಯಾಕೆ ಕೊಡ್ಬೇಕು? ಇಪ್ಪತ್ನಾಲ್ಕು ತಗೊಂಡೋನು ಐವತ್ತು ಯಾಕೆ ಕೊಡ್ಬೇಕು?”

“ಬಡ್ಡಿ ಸರ್.”

“ಬಡ್ಡಿ ನಂಗೂ ಗೊತ್ತು! ಬಡ್ಡಿ ಅಸಲಿಗಿಂತ ಚಿಕ್ಕದಿರತ್ತೆ. ಹಸುಗಿಂತ ಬಾಲ ದೊಡ್ಡದಿರೋದನ್ನ ಎಲ್ಲಿ ನೋಡಿದೀರಿ ನೀವು?”

“ಇಪ್ಪತ್ತು ವರ್ಷ ಬೆಳೆಯತ್ತಲ್ಲ ಸರ್ ಬಾಲ. ಮೊದಲನೇ ತಿಂಗಳು ನೀವು ಕಟ್ಟೋ ಇಪ್ಪತ್ತು ಸಾವಿರದ ಎಂಟುನೂರರಲ್ಲಿ ಹದಿನೇಳು ಸಾವಿರ ಬರೀ ಬಡ್ಡಿಗೆ. ಮಿಕ್ಕಿದ್ದು ಮಾತ್ರ ಮನೆಗೆ.”

ಶೀನಣ್ಣ ಬೆರಳು ಮಡಚಿದರು. “ಅಂದ್ರೆ ಇಡೀ ವರ್ಷ ಕಟ್ಟಿದ್ರೂ ಇವನು ಕೊಂಡ್ಕೊಳ್ಳೋದು ಬಚ್ಚಲ ಬಾಗಿಲು, ಎರಡು ಕಿಟಕಿ. ಗೋಡೆ ಬ್ಯಾಂಕ್ನೋರದ್ದೇ.”

“ಹಂಗಾದ್ರೆ ಮೊಳೆ ಹೊಡೆಯೋಕೆ ಇವನು ಬ್ಯಾಂಕಿಗೆ ಹೋಗಿ ಕೇಳ್ಬೇಕು,” ಅಂದರು ತ್ರಿಪುರಸುಂದರಮ್ಮ.

“ಅಷ್ಟೆಲ್ಲ ಇಲ್ಲ ಅಜ್ಜಿ, ಮೊಳೆ ಹೊಡ್ಕೋಬಹುದು,” ಅಂದಳು ಲಾಸ್ಯಾ.

ಗೋಡೆಗೆ ಒರಗಿದ್ದ ಮನೋಹರ್ ಹೊಟ್ಟೆ ಹಿಡಿದುಕೊಂಡು ನಗುತ್ತಿದ್ದ. ಕೂಲಿಂಗ್ ಗ್ಲಾಸ್ ತೆಗೆದು ಕಣ್ಣೊರೆಸಿಕೊಂಡ. “ಅಯ್ಯೋ ಪ್ರಭು! ಬ್ಯಾಂಕು ದುಡ್ಡು ವಾಪಸ್ ಕೊಡತ್ತೆ ಅಂದ್ಕೊಂಡಿದ್ಯಲ್ಲೋ! ಇದನ್ನ ನಾನು ಆಫೀಸಲ್ಲಿ ಹೇಳ್ಬೇಕು ಮಗಾ. ಮಾವನ ಮನೇಲೂ ಹೇಳ್ಬೇಕು.”

ತ್ರಿಪುರಸುಂದರಮ್ಮ ಅವನ ಕಡೆ ತಿರುಗಿದರು. “ನಿಂದೆಷ್ಟಪ್ಪ ಕೊನೇಗೆ?”

“ನಂದು ತಿಂಗಳಿಗೆ ಅರವತ್ತೈದು ಸಾವಿರ ಚಿಲ್ರೆ ಅಜ್ಜಿ. ಬಾಡಿಗೆ ಇದ್ದಂಗೆ. ಗೊತ್ತೇ ಆಗಲ್ಲ.”

“ಅದಲ್ಲ. ಕೊನೇಗೆ ಒಟ್ಟು?”

ಮನೋಹರನ ನಗು ಅರ್ಧಕ್ಕೆ ನಿಂತಿತು. ಅವನು ಅದನ್ನು ಕೇಳಿಯೇ ಇರಲಿಲ್ಲ! ಇಎಂಐ ಕೇಳಿ ಎದ್ದುಬಿಡುವವರು ಅಂತ ಲಾಸ್ಯಾ ಅಂದಿದ್ದಳಲ್ಲ, ಅವರಲ್ಲಿ ಒಬ್ಬ ನನ್ನ ಷಡ್ಡಕ. ಅವಳು ಅವನ ಸಾಲ, ವರ್ಷ, ಬಡ್ಡಿ ಕೇಳಿ ಮೊಬೈಲಿನಲ್ಲಿ ಒತ್ತಿದಳು.

“ಎಂಬತ್ತು ಲಕ್ಷ, ಇಪ್ಪತ್ತೈದು ವರ್ಷ. ಒಂದು ಕೋಟಿ ತೊಂಬತ್ತೇಳು ಲಕ್ಷ ಸರ್.”

“ಏನೋ ಮಿಸ್ಟೇಕ್ ಆಗಿದೆ. ಇನ್ನೊಂದ್ಸಲ ಒತ್ತಿ.”

ಒತ್ತಿದಳು. ತೊಂಬತ್ತೇಳೇ ಬಂತು.

“ನಿಮ್ಮ ಕೈಯಿಂದ ಹಾಕಿದ್ದು ಬೇರೆ ಇದೆಯಲ್ಲ ಸರ್, ಅದೂ ಸೇರಿದ್ರೆ ಎರಡು ಕೋಟಿ ಮೇಲೆ. ಬಡ್ಡಿ ಏರಿದ್ರೆ ಹೆದರ್ಕೋಬೇಡಿ, ಸಾಮಾನ್ಯವಾಗಿ ಇಎಂಐ ಏರ್ಸಲ್ಲ. ವರ್ಷ ಏರಿಸ್ತಾರೆ.”

“ಹೋದ ತಿಂಗಳು ಏನೋ ಮೆಸೇಜ್ ಬಂದಿತ್ತು,” ಅಂದ ಮನೋಹರ್, ತನಗೆ ತಾನೇ ಹೇಳಿಕೊಳ್ಳುವ ಹಾಗೆ. “ನೋಡಿರ್ಲಿಲ್ಲ.”

“ಬಾಡಿಗೆ ಏರಲ್ಲ, ಆಯಸ್ಸು ಏರ್ಸ್ಕೋಬೇಕು. ಯೋಗ ಮಾಡಪ್ಪ,” ಅಂದರು ಶೀನಣ್ಣ.

ತ್ರಿಪುರಸುಂದರಮ್ಮ ಮಾತ್ರ ನಿಜವಾಗಿಯೂ ಬೆರಗಾಗಿದ್ದರು. “ಎರಡು ಕೋಟಿ ಮನೇನಾ ಅದು! ನಂಗೊತ್ತೇ ಆಗ್ಲಿಲ್ಲ ನೋಡು. ಐಶ್ವರ್ಯ ಫೋಟೋ ತೋರಿಸ್ದಾಗ ನಾನು ಬಚ್ಚಲನ್ನ ಬೀರು ಅಂದ್ಕೊಂಡೆ.”

ಮನೋಹರ್ ನನ್ನ ಹಾಸಿಗೆ ಸುರುಳಿಯ ಮೇಲೆ ಕುಸಿದು ಕೂತ. ನಾನು ಅವನನ್ನು ನೋಡಿದೆ. ಆ ಗಳಿಗೆಗಾಗಿ ನಾನು ಎಷ್ಟು ದಿನ ಹಲ್ಲು ಕಡಿದಿದ್ದೆ! ಬಂದಾಗ ಮಾತ್ರ, ಅವನಿಗೆ ಒಂದು ಲೋಟ ನೀರು ಕೊಡಬೇಕು ಅನ್ನಿಸಿತು. ಐಶ್ವರ್ಯ ಆಗಲೇ ತಂದಿದ್ದಳು.

ಅಷ್ಟಕ್ಕೇ ಮುಗಿದಿದ್ದರೆ ನಾನು ನಗುತ್ತಾ ಈ ಕಥೆ ಹೇಳುತ್ತಿದ್ದೆ. ಆದರೆ ಲಾಸ್ಯಾ ಒಳ್ಳೆಯ ಹುಡುಗಿ. ಒಳ್ಳೆಯವರ ಕಷ್ಟ ಏನೆಂದರೆ ಅವರು ಅರ್ಧಕ್ಕೆ ನಿಲ್ಲಿಸುವುದಿಲ್ಲ. ಶಾಲನ್ನು ನೀಟಾಗಿ ಮಡಿಸಿ ಶೀನಣ್ಣನ ಕೈಗೆ ಕೊಡುತ್ತಾ ಅಂದಳು:

“ಹಂಗಂತ ಸಾಲ ತಗೊಳ್ಳೋದೇ ತಪ್ಪು ಅಂತಲ್ಲ ಸರ್. ಸುಮ್ನೆ ಇದ್ರೂ ಖರ್ಚೇ. ನಿಮ್ಮ ತಂದೆ ಆರು ಲಕ್ಷ ಕೊಟ್ಟಾಗ ಆ ದುಡ್ಡಿಗೆ ಊರಾಚೆ ಒಂದು ಸೈಟೇ ಬರ್ತಿತ್ತು. ಈಗ ಅದೇ ಆರು ವಾಪಸ್ ಬಂದ್ರೆ? ನಂಬರ್ ಅದೇ, ದುಡ್ಡು ಅದಲ್ಲ. ಸೈಟ್ ಹೋಗ್ಲಿ, ಸೈಟಿನ ಕಾಂಪೌಂಡೂ ಬರಲ್ಲ.”

“ಇಷ್ಟು ವರ್ಷ ಬಾಡಿಗೆ ಇಲ್ದೆ ಇದ್ರಲ್ಲಮ್ಮ?” ಶೀನಣ್ಣ ತಡೆದರು. “ಅದನ್ನ ಯಾವ ಲೆಕ್ಕಕ್ಕೆ ಹಾಕ್ತೀಯ?”

“ಅದೂ ಹೌದು ಅಂಕಲ್. ಅದನ್ನ ಕಳೀಬೇಕು. ಕಳೆದ್ರೂ…” ಅಂದು, ಅಯ್ನೋರ ಮುಖ ಕಂಡು, ಮೊಬೈಲನ್ನು ಬ್ಯಾಗಿಗೆ ಹಾಕಿಕೊಂಡಳು.

ಅಯ್ನೋರು ಅಷ್ಟೊತ್ತಿಗೆ ಒಳಗಿನಿಂದ ಬೆಳ್ಳಿ ತಟ್ಟೆ ತಂದಿದ್ದರು. ಎಲೆ ಅಡಿಕೆ, ತೆಂಗಿನಕಾಯಿ, ಬಾಳೆಹಣ್ಣು. ನೋಟಿನ ಬದಲು ಚೆಕ್ಕು, ಗಾಳಿಗೆ ಹಾರದ ಹಾಗೆ ಮೇಲೊಂದು ನಿಂಬೆಹಣ್ಣು. ಹುಡುಗಿ ಅಂದದ್ದನ್ನೆಲ್ಲ ಕೇಳಿಸಿಕೊಂಡಿದ್ದರು.

ನನಗೆ ಎಲ್ಲರ ಮೇಲೂ ಸಿಟ್ಟು ಬಂತು. ಬಾಲ ಬೆಳೆಸುವ ಬ್ಯಾಂಕಿನ ಮೇಲೆ, ಆಫೀಸಲ್ಲಿ ಹೇಳುತ್ತೇನೆ ಅಂದ ಮನೋಹರನ ಮೇಲೆ, ಎಲ್ಲ ಲೆಕ್ಕವೂ ಸರಿಯಾಗಿಯೇ ಹೇಳುವ ಈ ಹುಡುಗಿಯ ಮೇಲೆ. ಆರು ಲಕ್ಷಕ್ಕೆ ಸೈಟು ಬರುತ್ತಿದ್ದ ಕಾಲದಲ್ಲಿ ಅಪ್ಪ ಸೈಟು ನೋಡಿರಲಿಲ್ಲವೇ? ನೋಡಿದ್ದರು. ನನ್ನನ್ನು ಸೈಕಲ್ಲಿನ ಮುಂದೆ ಕೂರಿಸಿಕೊಂಡು ಹೋಗಿ ಕಲ್ಲು ನೆಟ್ಟ ಬಯಲು ತೋರಿಸಿದ್ದರು. ಸುತ್ತ ಒಂದು ಮನೆಯಿಲ್ಲ, ಒಂದು ಅಂಗಡಿಯಿಲ್ಲ. ವಾಪಸ್ ಬರುವಾಗ, “ಇಲ್ಲಿ ನಮ್ಮನ್ನ ಹೆಸರು ಹಿಡಿದು ಕರೆಯೋರು ಯಾರಿದಾರೋ,” ಅಂದಿದ್ದರು. ಮಾರನೆಯ ವಾರ ಈ ವಠಾರಕ್ಕೆ ಬಂದೆವು. ಇದನ್ನು ಯಾವ ಕಂಪ್ಯೂಟರಿನಲ್ಲಿ ಒತ್ತುವುದು?

“ಸರ್, ಸೈನ್…” ಅಂದಳು ಲಾಸ್ಯಾ, ಬಹಳ ಮೆತ್ತಗೆ. “ಇವತ್ತೇ ಅಂತೇನಿಲ್ಲ.”

“ಏನ್ ಮಾಡ್ತೀಯೋ?” ಅಂದ ಮನೋಹರ್, ಹಾಸಿಗೆ ಮೇಲಿಂದ. ಈ ಸಲ ಅವನ ದನಿಯಲ್ಲಿ ತುಪ್ಪ ಇರಲಿಲ್ಲ. ನಿಜವಾಗಿ ಕೇಳುತ್ತಿದ್ದ.

ಅಯ್ನೋರು ಒಂದು ಹೆಜ್ಜೆ ಮುಂದೆ ಬಂದರು. ತಟ್ಟೆ ಚಾಚಲೂ ಇಲ್ಲ, ಹಿಂದಕ್ಕೆ ತಗೊಳ್ಳಲೂ ಇಲ್ಲ.

“ಪ್ರಭು, ನಂಗೆ ಲೆಕ್ಕ ಅಷ್ಟು ಬರಲ್ಲಪ್ಪ. ತಗೊಂಡಷ್ಟು ಕೊಟ್ರೆ ಧರ್ಮ ಅಂದ್ಕೊಂಡಿದ್ದೆ. ನೀನೇ ಹೇಳು. ನಾನು ನಿಮ್ಮಪ್ಪನಿಗೆ ಮೋಸ ಮಾಡ್ಬಿಟ್ನಾ?”

ಎಲ್ಲರೂ ನನ್ನನ್ನೇ ನೋಡುತ್ತಿದ್ದರು. ತ್ರಿಪುರಸುಂದರಮ್ಮ ಸೆರಗನ್ನು ಬಾಯಿಗೆ ಒತ್ತಿಕೊಂಡಿದ್ದರು. ಮೊದಲೇ ಹೇಳಿದೆನಲ್ಲ, ನನಗೆ ಸಿಟ್ಟು ಬಂದರೆ ಬಾಯಿ ಕಟ್ಟುತ್ತದೆ. ಬಂದದ್ದು ಸಿಟ್ಟೇ ಅಂತ ಇಟ್ಟುಕೊಳ್ಳೋಣ.

ಬಗ್ಗಿ, ಅಂಗಳದಲ್ಲಿದ್ದ ಗ್ಯಾಸ್ ಒಲೆಯನ್ನು ಎತ್ತಿ ಹೆಗಲ ಮೇಲಿಟ್ಟುಕೊಂಡು, ಅಯ್ನೋರ ಪಕ್ಕದಿಂದ ಹಾದು, ಮನೆಯ ಒಳಗೆ ನಡೆದೆ.

“ರೀ,” ಹಿಂದಿನಿಂದ ಐಶ್ವರ್ಯ ಕೂಗಿದಳು, ಅಳುತ್ತಿದ್ದಳೋ ನಗುತ್ತಿದ್ದಳೋ, “ಸಿಲಿಂಡರ್ ಯಾರು ತರ್ತಾರೆ?”

ನಾನು ತಿರುಗಿ ನೋಡಲಿಲ್ಲ.